ಹಿಪ್-ಹಾಪ್ ಕಲೆಯ ಆದಿಕಾಲವೂ ಕ್ಯಾಸೆಟ್ಟುಗಳ ಸಾಕ್ಷ್ಯವೂ

೧

ಒಂದು ಕಲಾಪ್ರಕಾರದ ಚರಿತ್ರೆಯನ್ನು ಬರೆಯತೊಡಗಿದವರು ಮೊದಲು ಉತ್ತರಿಸಬೇಕಾದ ಪ್ರಶ್ನೆ ಆಧಾರಗಳನ್ನು ಕುರಿತದ್ದು. ಆ ಕಲೆಯ ಆದಿರೂಪವು ಯಾವ ಸಾಮಗ್ರಿಯಲ್ಲಿ ಉಳಿದು ಬಂದಿದೆ, ಆ ಸಾಮಗ್ರಿಯನ್ನು ಎಷ್ಟರಮಟ್ಟಿಗೆ ನಂಬಬಹುದು ಎಂಬುದು ನಿರ್ಧಾರವಾಗದೆ ಮುಂದಿನ ಮಾತುಗಳಿಗೆ ನೆಲೆಯಿಲ್ಲ. ಅಮೆರಿಕದ ನ್ಯೂಯಾರ್ಕ್ ನಗರದಲ್ಲಿ ೧೯೭೦ರ ದಶಕದಲ್ಲಿ ಹುಟ್ಟಿ, ಇಂದು ಜಗತ್ತಿನ ಬಹುಭಾಗವನ್ನು ವ್ಯಾಪಿಸಿರುವ ಹಿಪ್-ಹಾಪ್ ಕಲೆಯ ವಿಷಯದಲ್ಲಿ ಈ ಪ್ರಶ್ನೆ ವಿಶೇಷವಾಗಿ ತೊಡಕಿನದಾಗಿದೆ. ಈ ಕಲೆಯ ಜನನವನ್ನು ಸಾಮಾನ್ಯವಾಗಿ ೧೯೭೩ನೆಯ ಇಸವಿಗೆ ಸಲ್ಲಿಸುತ್ತಾರೆ. ಆದರೆ ಅದರ ಮೊದಲ ಗ್ರಾಮಫೋನ್ ತಟ್ಟೆಗಳು ಮಾರುಕಟ್ಟೆಗೆ ಬಂದದ್ದು ೧೯೭೯ರಲ್ಲಿ. ನಡುವಣ ಆರು ವರ್ಷಗಳಲ್ಲಿ ಕಲೆ ಬೆಳೆಯಿತು, ಕವಲೊಡೆಯಿತು, ಗುರುಶಿಷ್ಯ ಪರಂಪರೆಗಳನ್ನು ಪಡೆಯಿತು. ಅದನ್ನು ಹಿಡಿದಿಟ್ಟ ತಟ್ಟೆ ಮಾತ್ರ ಇಲ್ಲ. ಆ ಅವಧಿಯ ಧ್ವನಿಯನ್ನು ಇಂದು ನಾವು ಕೇಳುವುದಾದರೆ ಅದು ಟೇಪುಗಳ ಮೂಲಕವೇ, ಅದರಲ್ಲಿಯೂ ಮುಖ್ಯವಾಗಿ ಕ್ಯಾಸೆಟ್ಟುಗಳ ಮೂಲಕವೇ.

ಜನಪ್ರಿಯ ಸಂಗೀತದ ಚರಿತ್ರೆಗಳು ಬಹುಮಟ್ಟಿಗೆ ತಟ್ಟೆಗಳ ಚರಿತ್ರೆಗಳೇ ಆಗಿವೆ. ಇದು ಸಹಜ. ತಟ್ಟೆಗೆ ತಾರೀಖುಂಟು, ಕ್ರಮಸಂಖ್ಯೆಯುಂಟು, ಪ್ರಕಾಶಕರ ಹೆಸರುಂಟು, ಮಾರಾಟದ ಪಟ್ಟಿಯಲ್ಲಿ ಸ್ಥಾನವುಂಟು. ಮನೆಯಲ್ಲಿ ಪ್ರತಿ ಮಾಡಿದ ಕ್ಯಾಸೆಟ್ಟಿಗೆ ಇವಾವುವೂ ಇಲ್ಲ. ಆದುದರಿಂದ ಅದನ್ನು ಸಂಗ್ರಾಹಕರ ಕುತೂಹಲದ ವಸ್ತುವೆಂದೋ, ತಟ್ಟೆಯ ಕಾಲ ಬರುವವರೆಗೆ ನಡೆದ ತಾತ್ಕಾಲಿಕ ಏರ್ಪಾಡೆಂದೋ ಬದಿಗಿಡುವ ವಾಡಿಕೆ ಬೆಳೆದಿದೆ. ಈ ವಾಡಿಕೆ ಯುಕ್ತವಲ್ಲವೆಂಬುದು ನಮ್ಮ ಅಭಿಪ್ರಾಯ. ಆದಿ ಹಿಪ್-ಹಾಪಿಗೆ ಕ್ಯಾಸೆಟ್ಟೇ ಮೂಲಪಾಠ. ತಟ್ಟೆಯಾದರೋ ಅದರ ಪರಿಷ್ಕೃತ, ಕೆಲವೆಡೆ ವಿಕೃತವೂ ಆದ ಪಾಠ. ಹೀಗೆ ತಿಳಿದಲ್ಲಿ ಕರ್ತೃತ್ವವನ್ನೂ ಪರಂಪರೆಯನ್ನೂ ಕುರಿತು ರೂಢಿಯಲ್ಲಿರುವ ಎರಡು ತೀರ್ಮಾನಗಳು ಬದಲಾಗಬೇಕಾಗುತ್ತವೆ. ಇದನ್ನು ಪ್ರಕೃತ ಪ್ರಬಂಧದಲ್ಲಿ ತೋರಿಸಲು ಯತ್ನಿಸುತ್ತೇವೆ.

೨

ಮೊದಲು ಕಲೆಯ ಸ್ವರೂಪವನ್ನು ಸಂಕ್ಷೇಪವಾಗಿ ನೋಡೋಣ. ೧೯೭೩ರ ಆಗಸ್ಟ್ ೧೧ರಂದು ನ್ಯೂಯಾರ್ಕಿನ ಬ್ರಾಂಕ್ಸ್ ಭಾಗದ ಸೆಡ್ಜ್‌ವಿಕ್ ಅವೆನ್ಯೂವಿನಲ್ಲಿ, ೧೫೨೦ನೆಯ ಸಂಖ್ಯೆಯ ವಸತಿ ಕಟ್ಟಡದಲ್ಲಿ, ಸಿಂಡಿ ಕ್ಯಾಂಬೆಲ್ ಎಂಬ ತರುಣಿ ಒಂದು ಸಂತೋಷಕೂಟವನ್ನು ಏರ್ಪಡಿಸಿದರು. ಅಲ್ಲಿ ತಟ್ಟೆಗಳನ್ನು ನುಡಿಸಿದವರು ಅವರ ಅಣ್ಣ, ಜಮೈಕಾದಲ್ಲಿ ಹುಟ್ಟಿದ ಕ್ಲೈವ್ ಕ್ಯಾಂಬೆಲ್. ಕೂಲ್ ಹರ್ಕ್ ಎಂಬುದು ಅವರ ಪ್ರಸಿದ್ಧ ನಾಮ. ಹಾಡಿನ ನಡುವೆ ಗಾಯನ ನಿಂತು ತಾಳವಾದ್ಯಗಳು ಪ್ರಧಾನವಾಗಿ ನುಡಿಯುವ ಚಿಕ್ಕ ಭಾಗವನ್ನು ‘ಬ್ರೇಕ್’ ಎನ್ನುತ್ತಾರೆ. ಕುಣಿಯುವವರು ಕಾಯುತ್ತಿದ್ದದ್ದು ಆ ಭಾಗಕ್ಕೇ ಎಂಬುದನ್ನು ಹರ್ಕ್ ಕಂಡುಕೊಂಡರು. ಒಂದೇ ತಟ್ಟೆಯ ಎರಡು ಪ್ರತಿಗಳನ್ನು ಎರಡು ಯಂತ್ರಗಳ ಮೇಲಿಟ್ಟು, ಒಂದರಲ್ಲಿ ಬ್ರೇಕ್ ಮುಗಿಯುತ್ತಲೇ ಇನ್ನೊಂದರಲ್ಲಿ ಅದನ್ನು ಆರಂಭಿಸಿ, ಕ್ಷಣಗಳ ತಾಳವನ್ನು ನಿಮಿಷಗಟ್ಟಲೆ ಬೆಳೆಸುವ ಕ್ರಮವನ್ನು ಅವರು ರೂಢಿಗೆ ತಂದರು. ಬಾರ್ಬಡೋಸಿನಲ್ಲಿ ಹುಟ್ಟಿದ ಗ್ರ್ಯಾಂಡ್‌ಮಾಸ್ಟರ್ ಫ್ಲ್ಯಾಶ್ ಈ ಜೋಡಣೆಗೆ ಲಯದ ನಿಖರತೆಯನ್ನು ತಂದುಕೊಟ್ಟರು. ಸೂಜಿಯ ಕೆಳಗಿರುವ ತಟ್ಟೆಯನ್ನು ಕೈಯಿಂದ ಹಿಂದುಮುಂದಾಗಿ ಉಜ್ಜಿ ನಾದ ಹೊರಡಿಸುವ ‘ಸ್ಕ್ರ್ಯಾಚ್’ ಕ್ರಮವು ಗ್ರ್ಯಾಂಡ್ ವಿಜರ್ಡ್ ಥಿಯೋಡೋರ್ ಅವರದೆನ್ನುತ್ತಾರೆ. ತಟ್ಟೆ ನುಡಿಸುವವರಿಗೆ ಡಿ.ಜೆ. ಎಂದೂ, ಆ ತಾಳದ ಮೇಲೆ ಪ್ರಾಸಬದ್ಧವಾಗಿ ನುಡಿಯುವವರಿಗೆ ಎಂ.ಸಿ. ಎಂದೂ ಹೆಸರು. ಮೊದಮೊದಲು ಡಿ.ಜೆ.ಯೇ ಪ್ರಧಾನ ಕಲಾವಿದ, ಎಂ.ಸಿ.ಯದು ಪಕ್ಕವಾದ್ಯದ ಸ್ಥಾನ.

ಹೀಗಿರಲು, ತಟ್ಟೆಯು ಈ ಕಲೆಯ ಕಚ್ಚಾ ಸಾಮಗ್ರಿಯೇ ಹೊರತು ಫಲವಲ್ಲವೆಂಬುದು ಸ್ಪಷ್ಟವಾಗುತ್ತದೆ. ಫಲವು ಆ ರಾತ್ರಿಯ ಪ್ರಯೋಗ. ಅದು ಉದ್ಯಾನದಲ್ಲಿಯೋ, ಶಾಲೆಯ ಅಂಗಳದಲ್ಲಿಯೋ, ಬಾಡಿಗೆಯ ಸಭಾಂಗಣದಲ್ಲಿಯೋ ಹುಟ್ಟಿ ಅಲ್ಲಿಯೇ ಮುಗಿಯುತ್ತಿತ್ತು. ಅದನ್ನು ಹಿಡಿದಿಡಲು ಬಡ ನೆರೆಹೊರೆಯ ಹುಡುಗರ ಕೈಗೆ ಎಟುಕುತ್ತಿದ್ದ ಸಾಧನ ಕ್ಯಾಸೆಟ್ಟು. ಹಾಲೆಂಡಿನ ಫಿಲಿಪ್ಸ್ ಸಂಸ್ಥೆ ೧೯೬೩ರಲ್ಲಿ ಬರ್ಲಿನ್ನಿನ ರೇಡಿಯೋ ಪ್ರದರ್ಶನದಲ್ಲಿ ಹೊರತಂದ ಈ ಪುಟ್ಟ ಪೆಟ್ಟಿಗೆಯಲ್ಲಿ, ನಾಲ್ಕು ಮಿಲಿಮೀಟರಿಗೂ ಕಿರಿದಾದ ಕಾಂತಪಟ್ಟಿಯು ಸೆಕೆಂಡಿಗೆ ಸುಮಾರು ೪.೭೬ ಸೆಂಟಿಮೀಟರ್ ವೇಗದಲ್ಲಿ ಓಡುತ್ತದೆ. ಧ್ವನಿಯ ಶುದ್ಧತೆಯಲ್ಲಿ ಅದು ತಟ್ಟೆಗೆ ಸಮನಲ್ಲ. ಆದರೆ ತಟ್ಟೆಗಿಲ್ಲದ ಮೂರು ಗುಣಗಳು ಅದಕ್ಕಿದ್ದವು. ಯಾರು ಬೇಕಾದರೂ ಅದರಲ್ಲಿ ಮುದ್ರಿಸಬಹುದಾಗಿತ್ತು. ಒಂದರಿಂದ ಇನ್ನೊಂದಕ್ಕೆ ಪ್ರತಿ ಮಾಡಬಹುದಾಗಿತ್ತು. ೯೦ ನಿಮಿಷದ ಕ್ಯಾಸೆಟ್ಟಿನ ಒಂದೊಂದು ಮಗ್ಗುಲಲ್ಲಿ ೪೫ ನಿಮಿಷಗಳ ಪ್ರಯೋಗವನ್ನು ಕಡಿಯದೆ ಹಿಡಿಯಬಹುದಾಗಿತ್ತು. ಏಳು ಅಂಗುಲದ ತಟ್ಟೆಯ ಮೂರು ನಾಲ್ಕು ನಿಮಿಷಗಳ ಅವಕಾಶದಲ್ಲಿ ಈ ಕಲೆಗೆ ಉಸಿರಾಡಲು ಎಡೆಯೇ ಇರಲಿಲ್ಲ.

ಈ ಕ್ಯಾಸೆಟ್ಟುಗಳು ಹೆಗಲ ಮೇಲೆ ಹೊತ್ತು ತಿರುಗುವ ದೊಡ್ಡ ರೇಡಿಯೋ ಯಂತ್ರಗಳಲ್ಲಿಯೂ ಬಾಡಿಗೆ ಕಾರುಗಳಲ್ಲಿಯೂ ನುಡಿದು ಪ್ರಚಾರ ಪಡೆದವು. ಗ್ರಾಹಕರ ಹೆಸರನ್ನು ಸೇರಿಸಿ ತಯಾರಿಸಿಕೊಟ್ಟ ಟೇಪುಗಳಿಗೆ ನಿಮಿಷಕ್ಕೆ ಒಂದು ಡಾಲರಿನಂತೆ ಹಣ ಪಡೆಯುತ್ತಿದ್ದುದಾಗಿ ಫ್ಲ್ಯಾಶ್ ಹೇಳಿಕೊಂಡಿದ್ದಾರೆ. ಅಂದರೆ ತಟ್ಟೆಯ ಉದ್ಯಮ ಕಾಲಿಡುವುದಕ್ಕೆ ಮುಂಚೆಯೇ ಇಲ್ಲಿ ಒಂದು ಸಣ್ಣ ಪೇಟೆ ಏರ್ಪಟ್ಟಿತ್ತು. ಆ ಪೇಟೆಗೆ ತನ್ನದೇ ಆದ ಗುಟ್ಟುಗಳೂ ಇದ್ದವು. ತಾವು ಬಳಸುವ ತಟ್ಟೆಗಳು ಯಾವುವೆಂದು ಎದುರಾಳಿಗಳಿಗೆ ತಿಳಿಯಬಾರದೆಂದು ಹರ್ಕ್ ಅವರು ತಟ್ಟೆಗಳ ಚೀಟಿಗಳನ್ನು ನೀರಿನಲ್ಲಿ ನೆನೆಸಿ ತೆಗೆದುಬಿಡುತ್ತಿದ್ದರು. ಕ್ಯಾಸೆಟ್ಟು ಧ್ವನಿಯನ್ನು ಊರೆಲ್ಲಕ್ಕೆ ಹಂಚಿತು. ಧ್ವನಿಯ ಮೂಲವನ್ನು ಮಾತ್ರ ಬಿಟ್ಟುಕೊಡಲಿಲ್ಲ.

ಇಲ್ಲಿ ಪರಿಭಾಷೆಯ ಬಗೆಗೆ ಒಂದು ಎಚ್ಚರಿಕೆ ಅಗತ್ಯ. ಪ್ರಯೋಗವನ್ನು ನಡೆದಂತೆಯೇ ಮುದ್ರಿಸಿದ್ದು ಒಂದು ಬಗೆ. ಇದನ್ನು ಕೂಟದ ಟೇಪು ಎನ್ನಬಹುದು. ಡಿ.ಜೆ.ಯು ತನ್ನ ಕೋಣೆಯಲ್ಲಿ ಕುಳಿತು, ಕೇಳುಗರನ್ನು ಮನಸ್ಸಿನಲ್ಲಿಟ್ಟುಕೊಂಡು, ಹಾಡುಗಳನ್ನು ಆಯ್ದು ಹೆಣೆದದ್ದು ಇನ್ನೊಂದು ಬಗೆ. ಮಿಕ್ಸ್‌ಟೇಪು ಎಂಬ ಹೆಸರು ನಿಷ್ಕೃಷ್ಟವಾಗಿ ಸಲ್ಲುವುದು ಇದಕ್ಕೆ. ಮೊದಲನೆಯದು ದಾಖಲೆ, ಎರಡನೆಯದು ಕೃತಿ. ಇವೆರಡನ್ನೂ ಒಂದೇ ಹೆಸರಿನಿಂದ ಕರೆಯುವ ರೂಢಿಯಿಂದ ಗೊಂದಲವುಂಟಾಗಿದೆ. ಆದಿಕಾಲಕ್ಕೆ ಮುಖ್ಯವಾದದ್ದು ಮೊದಲನೆಯ ಬಗೆ. ಎರಡನೆಯದು ಪ್ರಬಲವಾದದ್ದು ೧೯೮೦ರ ದಶಕದ ಉತ್ತರಾರ್ಧದಲ್ಲಿ.

೩

ಕೈಯಿಂದ ಕೈಗೆ ಪ್ರತಿಯಾಗುತ್ತ ಬಂದ ಇಂತಹ ಸಾಮಗ್ರಿಯನ್ನು ಪರೀಕ್ಷಿಸುವ ಬಗೆ ಯಾವುದು? ನಮ್ಮಲ್ಲಿ ಗ್ರಂಥಸಂಪಾದನೆಯ ಪರಿಚಯವುಳ್ಳವರಿಗೆ ಈ ತೊಡಕು ಹೊಸತೇನಲ್ಲ. ಓಲೆಗರಿಯ ಪ್ರತಿಗಳಲ್ಲಿ ಲಿಪಿಕಾರನ ಕೈತಪ್ಪುಗಳು ತಲೆಮಾರಿನಿಂದ ತಲೆಮಾರಿಗೆ ಕೂಡುತ್ತ ಹೋಗುವಂತೆ, ಕ್ಯಾಸೆಟ್ಟಿನ ಒಂದೊಂದು ಪ್ರತಿಯಲ್ಲಿಯೂ ಯಂತ್ರದ ಸುಯ್ಲು ಹೆಚ್ಚುತ್ತದೆ, ಮೇಲಿನ ಸ್ವರಗಳು ಮಂಕಾಗುತ್ತವೆ, ಮಾತು ಮಸುಕಾಗುತ್ತದೆ. ಯಂತ್ರಯಂತ್ರಕ್ಕೂ ವೇಗದಲ್ಲಿ ಕಿಂಚಿತ್ ವ್ಯತ್ಯಾಸವಿರುವುದರಿಂದ ಶ್ರುತಿಯೂ ಕದಲುತ್ತದೆ. ಎರಡು ರಾತ್ರಿಗಳ ಪ್ರಯೋಗಗಳು ಒಂದೇ ಕ್ಯಾಸೆಟ್ಟಿನಲ್ಲಿ ಸೇರಿಕೊಳ್ಳಬಹುದು. ಹಳೆಯದರ ಮೇಲೆ ಹೊಸದು ಮುದ್ರಿತವಾಗಬಹುದು. ಮಗ್ಗುಲು ಮುಗಿದೊಡನೆ ಪ್ರಯೋಗ ನಡುವೆಯೇ ಕಡಿಯಬಹುದು. ಮೇಲೆ ಬರೆದ ತಾರೀಖು ಬಹುಕಾಲದ ಮೇಲೆ ಯಾರೋ ನೆನಪಿನಿಂದ ಬರೆದದ್ದಿರಬಹುದು.

ಆದರೂ ಕಾಲನಿರ್ಣಯಕ್ಕೆ ಆಧಾರಗಳಿಲ್ಲದೆ ಇಲ್ಲ. ಮೊದಲನೆಯದಾಗಿ, ಟೇಪಿನಲ್ಲಿ ಕೇಳಿಬರುವ ತಟ್ಟೆಗಳೇ ಪೂರ್ವಾವಧಿಯನ್ನು ಗೊತ್ತುಮಾಡುತ್ತವೆ. ಷಿಕ್ ತಂಡದ ‘ಗುಡ್ ಟೈಮ್ಸ್’ ಪ್ರಕಟವಾದದ್ದು ೧೯೭೯ರ ಜೂನಿನಲ್ಲಿ. ಆ ತಟ್ಟೆ ಕೇಳಿಸುವ ಕ್ಯಾಸೆಟ್ಟಿನ ಮೇಲೆ ೧೯೭೮ ಎಂದು ಬರೆದಿದ್ದರೆ ಆ ಬರಹವನ್ನು ನಂಬಲಾಗದು. ಎರಡನೆಯದಾಗಿ, ಎಂ.ಸಿ.ಗಳು ತಮ್ಮ ಹೆಸರನ್ನೂ, ಸಂಗಡಿಗರ ಹೆಸರುಗಳನ್ನೂ, ಸಭಾಂಗಣದ ಹೆಸರನ್ನೂ ಮತ್ತೆ ಮತ್ತೆ ಸಾರುತ್ತಾರೆ. ಇದು ನಮ್ಮ ಕವಿಗಳ ಅಂಕಿತದಂತೆ ಪ್ರಬಲವಾದ ಆಂತರಿಕ ಪ್ರಮಾಣ. ತಂಡಗಳ ಸದಸ್ಯರು ಆಗಾಗ ಬದಲಾಗುತ್ತಿದ್ದುದರಿಂದ ಹೆಸರುಗಳ ಪಟ್ಟಿಯೇ ಕಾಲವನ್ನು ಸೂಚಿಸುತ್ತದೆ. ಮೂರನೆಯದು, ಕೂಟಗಳ ಪ್ರಚಾರಕ್ಕಾಗಿ ಕೈಯಿಂದ ಬರೆದು ನಕಲು ತೆಗೆದು ಹಂಚುತ್ತಿದ್ದ ಕರಪತ್ರಗಳು. ಇವುಗಳಲ್ಲಿ ದಿನ, ಸ್ಥಳ, ತಂಡಗಳ ಹೆಸರು ಸ್ಪಷ್ಟವಾಗಿರುತ್ತವೆ. ಬಡ್ಡಿ ಎಸ್ಕ್ವೈರ್ ಎಂಬ ಕಲಾವಿದರು ರಚಿಸಿದ ಕರಪತ್ರಗಳು ಇದಕ್ಕೆ ಉತ್ತಮ ನಿದರ್ಶನ. ಟೇಪಿನ ಒಳಮಾತನ್ನು ಕರಪತ್ರದೊಡನೆ ಹೋಲಿಸಿದಲ್ಲಿ ಎಷ್ಟೋ ಸಂದರ್ಭಗಳಲ್ಲಿ ರಾತ್ರಿಯನ್ನೇ ಗುರುತಿಸಬಹುದು. ಇನ್ನು ಶ್ರುತಿಯ ವಿಷಯ: ಟೇಪಿನಲ್ಲಿ ಕೇಳುವ ತಟ್ಟೆಯ ಮೂಲಶ್ರುತಿ ತಿಳಿದಿರುವುದರಿಂದ ಟೇಪಿನ ವೇಗದೋಷವನ್ನು ಅಳೆಯಬಹುದೆಂದು ತೋರುತ್ತದೆ. ಆದರೆ ಡಿ.ಜೆ.ಯ ಯಂತ್ರದಲ್ಲಿಯೇ ವೇಗವನ್ನು ಹೆಚ್ಚು ಕಡಿಮೆ ಮಾಡುವ ಸೌಕರ್ಯವಿರುವುದುಂಟಾದ್ದರಿಂದ, ಈ ಒಂದೇ ಪ್ರಮಾಣವನ್ನು ಅವಲಂಬಿಸುವುದು ಅಪಾಯಕರ.

ಮುದ್ರಣ ಎಲ್ಲಿಂದ ನಡೆಯಿತೆಂಬುದನ್ನೂ ವಿಚಾರಿಸಬೇಕು. ಡಿ.ಜೆ.ಯ ಯಂತ್ರದಿಂದಲೇ ತಂತಿ ಎಳೆದು ಮುದ್ರಿಸಿದ ಟೇಪಿನಲ್ಲಿ ಮಾತೂ ತಾಳವೂ ನಿಚ್ಚಳ. ಆದರೆ ಸಭೆ ಮೌನವಾಗಿರುವಂತೆ ತೋರುತ್ತದೆ. ಗುಂಪಿನ ನಡುವೆ ಯಂತ್ರವಿಟ್ಟು ಮುದ್ರಿಸಿದ ಟೇಪಿನಲ್ಲಿ ಮಾತು ಅಸ್ಪಷ್ಟ. ಆದರೆ ಯಾವ ಮಾತಿಗೆ ಸಭೆ ಕೂಗಿತು, ಯಾವುದಕ್ಕೆ ಸುಮ್ಮನಿತ್ತು ಎಂಬುದು ತಿಳಿಯುತ್ತದೆ. ಮೊದಲನೆಯದನ್ನು ಮಾತ್ರ ಉತ್ತಮ ಪ್ರತಿಯೆಂದು ಸ್ವೀಕರಿಸುವ ಸಂಗ್ರಾಹಕರ ರುಚಿಯನ್ನು ಇತಿಹಾಸಕಾರರು ಒಪ್ಪಬೇಕಾಗಿಲ್ಲ.

೪

ಈಗ ಕರ್ತೃತ್ವದ ಪ್ರಶ್ನೆಗೆ ಬರೋಣ. ೧೯೭೯ರ ಸೆಪ್ಟೆಂಬರಿನಲ್ಲಿ ನ್ಯೂಜೆರ್ಸಿಯ ಎಂಗಲ್‌ವುಡ್ಡಿನ ಶುಗರ್ ಹಿಲ್ ಸಂಸ್ಥೆಯಿಂದ, ಸಿಲ್ವಿಯಾ ರಾಬಿನ್ಸನ್ ಅವರ ನಿರ್ದೇಶನದಲ್ಲಿ, ‘ರ‍್ಯಾಪರ್ಸ್ ಡಿಲೈಟ್’ ಎಂಬ ತಟ್ಟೆ ಹೊರಬಿತ್ತು. ಅದೇ ವರ್ಷ ಫ್ಯಾಟ್‌ಬ್ಯಾಕ್ ತಂಡದ ‘ಕಿಂಗ್ ಟಿಮ್ ದ ಥರ್ಡ್’ ಇದಕ್ಕಿಂತ ತುಸು ಮುಂಚೆಯೇ ಬಂದಿತ್ತಾದರೂ, ದೇಶವ್ಯಾಪಿ ಪ್ರಸಿದ್ಧಿ ದೊರೆತದ್ದು ಶುಗರ್ ಹಿಲ್ಲಿನ ತಟ್ಟೆಗೇ. ಬಿಲ್‌ಬೋರ್ಡ್ ಪತ್ರಿಕೆಯ ಮುಖ್ಯ ಪಟ್ಟಿಯಲ್ಲಿ ಅದು ೩೬ನೆಯ ಸ್ಥಾನದವರೆಗೆ ಏರಿತು. ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ ೨೦೧೧ರಲ್ಲಿ ಅದನ್ನು ರಾಷ್ಟ್ರೀಯ ಧ್ವನಿಮುದ್ರಣಗಳ ಪಟ್ಟಿಗೆ ಸೇರಿಸಿತು. ಹೀಗೆ ಆ ತಟ್ಟೆಗೆ ಆದಿಶಾಸನದ ಮರ್ಯಾದೆ ಸಂದಿದೆ.

ಆದರೆ ಶಾಸನವನ್ನು ಬರೆಸಿದವರು ಯಾರು, ಪದ್ಯವನ್ನು ಕಟ್ಟಿದವರು ಯಾರು ಎಂಬುದು ಬೇರೆಯೇ ಪ್ರಶ್ನೆ. ತಟ್ಟೆಯಲ್ಲಿ ನುಡಿದ ಮೂವರು ಬ್ರಾಂಕ್ಸಿನ ಸಭಾಂಗಣಗಳಲ್ಲಿ ಹೆಸರಾದ ಎಂ.ಸಿ.ಗಳಲ್ಲ. ಅವರಲ್ಲೊಬ್ಬರಾದ ಬಿಗ್ ಬ್ಯಾಂಕ್ ಹ್ಯಾಂಕ್ ಎಂಗಲ್‌ವುಡ್ಡಿನ ಪಿಟ್ಸಾ ಅಂಗಡಿಯೊಂದರಲ್ಲಿ ಕೆಲಸಕ್ಕಿದ್ದರು. ಅಲ್ಲಿ ಅವರು ಬ್ರಾಂಕ್ಸಿನ ಗ್ರ್ಯಾಂಡ್‌ಮಾಸ್ಟರ್ ಕ್ಯಾಜ್ ಅವರ ಟೇಪು ಹಾಕಿಕೊಂಡು ಅದರೊಡನೆ ತಾವೂ ನುಡಿಯುತ್ತಿದ್ದಾಗ ರಾಬಿನ್ಸನ್ ಅವರ ಗಮನಕ್ಕೆ ಬಿದ್ದರೆಂಬುದು ಪ್ರಸಿದ್ಧವಾದ ಸಂಗತಿ. ಹ್ಯಾಂಕ್ ತಮ್ಮಲ್ಲಿಗೆ ಬಂದು ಕೇಳಿದಾಗ ಪ್ರಾಸಗಳ ಪುಸ್ತಕವನ್ನೇ ಅವರ ಮುಂದಿಟ್ಟುದಾಗಿ ಕ್ಯಾಜ್ ಹೇಳಿದ್ದಾರೆ. ತಟ್ಟೆಯಲ್ಲಿ ಹ್ಯಾಂಕ್ ನುಡಿದ ಭಾಗ ಈ ಹೇಳಿಕೆಗೆ ತಾನೇ ಸಾಕ್ಷಿ ಹೇಳುತ್ತದೆ. ಏಕೆಂದರೆ ಕ್ಯಾಸನೋವಾ ಎಂಬ ಕ್ಯಾಜ್ ಅವರ ಹಿಂದಿನ ಕಲಾನಾಮವನ್ನು ಅಕ್ಷರ ಬಿಡಿಸಿ ಹೇಳುವ ಸಾಲನ್ನು ಅವರು ಬದಲಿಸಲಿಲ್ಲ. ಕಾವ್ಯಚೋರನು ಅಂಕಿತವನ್ನು ಅಳಿಸಲು ಮರೆತಂತೆ ಇದಾಯಿತು. ಆ ಅಂಕಿತದ ಅರ್ಥವನ್ನು ನಮಗೆ ಬಿಡಿಸಿಕೊಡುವುದು ಟೇಪುಗಳ ಲೋಕವೇ. ತಟ್ಟೆಯನ್ನಷ್ಟೇ ಕೇಳಿದವರಿಗೆ ಅದು ಅರ್ಥವಿಲ್ಲದ ಒಂದು ಹೆಸರು.

ಇದೇ ತಟ್ಟೆಯ ಇನ್ನೊಂದು ಪ್ರಸಂಗವನ್ನು ಇದರ ಪಕ್ಕದಲ್ಲಿಡಬೇಕು. ಹಿನ್ನೆಲೆಯ ವಾದ್ಯಸಂಗೀತವು ‘ಗುಡ್ ಟೈಮ್ಸ್’ ಹಾಡಿನದು. ಅದನ್ನು ಸ್ಟುಡಿಯೋದಲ್ಲಿ ವಾದ್ಯಗಾರರು ಮತ್ತೆ ನುಡಿಸಿದ್ದರು. ಆ ಹಾಡಿನ ಕರ್ತೃಗಳಾದ ನೈಲ್ ರಾಜರ್ಸ್ ಮತ್ತು ಬರ್ನಾರ್ಡ್ ಎಡ್ವರ್ಡ್ಸ್ ಆಕ್ಷೇಪವೆತ್ತಿ ಕಾನೂನಿನ ಮಾತೆತ್ತಿದೊಡನೆ ಅವರ ಹೆಸರು ರಚನಕಾರರ ಪಟ್ಟಿಗೆ ಸೇರಿತು. ಕ್ಯಾಜ್ ಅವರ ಹೆಸರು ಸೇರಲಿಲ್ಲ. ಇಬ್ಬರದೂ ಸ್ವತ್ತೇ; ಒಬ್ಬರದು ತಟ್ಟೆಯಲ್ಲಿತ್ತು, ಇನ್ನೊಬ್ಬರದು ಟೇಪಿನಲ್ಲಿಯೂ ಕೈಬರಹದ ಪುಸ್ತಕದಲ್ಲಿಯೂ ಇತ್ತು. ೧೯೭೮ರ ಜನವರಿಯಿಂದ ಜಾರಿಗೆ ಬಂದಿದ್ದ ಅಮೆರಿಕದ ಕೃತಿಸ್ವಾಮ್ಯ ಕಾಯಿದೆಯ ಪ್ರಕಾರ, ಕರ್ತೃವಿನ ಒಪ್ಪಿಗೆಯಿಂದ ಯಾವುದಾದರೂ ಸ್ಥಿರವಾದ ಸಾಧನದಲ್ಲಿ ನೆಲೆಗೊಂಡ ಕೃತಿಗೆ ರಕ್ಷಣೆಯುಂಟು. ಶಾಸನದ ಅಕ್ಷರದಲ್ಲಿ ಕಾಗದಕ್ಕೂ ಕಾಂತಪಟ್ಟಿಗೂ ತಟ್ಟೆಗೂ ಭೇದವಿಲ್ಲ. ವ್ಯವಹಾರದಲ್ಲಿ ಮಾತ್ರ, ಹಿಂದೆ ಪ್ರಕಾಶಕನೂ ವಕೀಲನೂ ಇರುವ ಸಾಧನಕ್ಕಷ್ಟೇ ಬೆಲೆ ಬಂದಿತು. ಟೇಪನ್ನು ಆಧಾರವಲ್ಲವೆಂದು ತಳ್ಳುವ ಚರಿತ್ರಕಾರರು ತಿಳಿದೋ ತಿಳಿಯದೆಯೋ ಈ ಅನ್ಯಾಯಕ್ಕೆ ಎರಡನೆಯ ಮುದ್ರೆ ಒತ್ತುತ್ತಾರೆಂದು ಹೇಳಲಡ್ಡಿಯಿಲ್ಲ.

ತಟ್ಟೆಯು ಮರೆಮಾಡಿದ್ದು ಒಬ್ಬ ಕವಿಯನ್ನು ಮಾತ್ರವಲ್ಲ, ಡಿ.ಜೆ.ಯ ಕಲೆಯನ್ನೇ. ‘ರ‍್ಯಾಪರ್ಸ್ ಡಿಲೈಟ್’ನಲ್ಲಿ ಎರಡು ಯಂತ್ರಗಳ ಜೋಡಣೆಯಿಲ್ಲ, ಡಿ.ಜೆ.ಯ ಸ್ಥಾನವನ್ನು ವಾದ್ಯಗಾರರು ಆಕ್ರಮಿಸಿದ್ದಾರೆ. ಫ್ಲ್ಯಾಶ್ ಅವರ ಕೈಚಳಕ ತಟ್ಟೆಯ ಮೇಲೆ ಕಾಣಿಸಿಕೊಂಡದ್ದು ೧೯೮೧ರಲ್ಲಿ, ‘ಅಡ್ವೆಂಚರ್ಸ್ ಆಫ್ ಗ್ರ್ಯಾಂಡ್‌ಮಾಸ್ಟರ್ ಫ್ಲ್ಯಾಶ್ ಆನ್ ದ ವ್ಹೀಲ್ಸ್ ಆಫ್ ಸ್ಟೀಲ್’ ಎಂಬುದರಲ್ಲಿ. ಮರುವರ್ಷವೇ ಬಂದ ‘ದ ಮೆಸೇಜ್’ ಅವರ ತಂಡದ ಹೆಸರಿನಲ್ಲಿ ಪ್ರಕಟವಾಗಿ ಲೋಕಪ್ರಸಿದ್ಧವಾದರೂ, ಅದರ ರಚನೆಯಲ್ಲಿ ಅವರ ಪಾತ್ರವಿಲ್ಲ. ಅದರಲ್ಲಿ ಕೇಳಿಬರುವುದು ಪ್ರಧಾನವಾಗಿ ಮೆಲಿ ಮೆಲ್ ಮತ್ತು ಡ್ಯೂಕ್ ಬೂಟೀ ಅವರ ಧ್ವನಿ. ತಟ್ಟೆಗಳನ್ನಷ್ಟೇ ಆಧಾರವಾಗಿಟ್ಟುಕೊಂಡರೆ, ಹಿಪ್-ಹಾಪ್ ಮೊದಲಿಂದಲೂ ಎಂ.ಸಿ.ಯ ಕಲೆಯಾಗಿತ್ತೆಂಬ ತಪ್ಪು ತೀರ್ಮಾನಕ್ಕೆ ಬರುವುದು ಅನಿವಾರ್ಯ.

೫

ಎರಡನೆಯದು ಪರಂಪರೆಯ ಪ್ರಶ್ನೆ. ೧೯೮೧ರ ಡಿಸೆಂಬರಿನಲ್ಲಿ ಹಾರ್ಲೆಮ್ ವರ್ಲ್ಡ್ ಎಂಬ ಸಭಾಂಗಣದಲ್ಲಿ ಬಿಜಿ ಬೀ ಮತ್ತು ಕೂಲ್ ಮೋ ಡೀ ಎಂಬಿಬ್ಬರು ಎಂ.ಸಿ.ಗಳಿಗೆ ನಡೆದ ಸ್ಪರ್ಧೆ ಟೇಪಿನಲ್ಲಿ ಉಳಿದಿದೆ. ಬಿಜಿ ಬೀ ಸಭೆಯನ್ನು ಕೂಗಿಸಿ ಕುಣಿಸುವುದರಲ್ಲಿ ನಿಪುಣರು. ಅವರ ಕಲೆ ಕರೆ ಮತ್ತು ಮಾರುಕರೆಯದು. ಅವರ ಬಳಿಕ ಬಂದ ಮೋ ಡೀ, ಎದುರಾಳಿಯ ಪಲ್ಲವಿಯನ್ನೇ ಎತ್ತಿಕೊಂಡು ಅಣಕಿಸಿ, ಒತ್ತೊತ್ತಾದ ಪ್ರಾಸಗಳಿಂದ ಅವರನ್ನು ಖಂಡಿಸುತ್ತಾರೆ. ಸಭೆಯ ಕೇಕೆ ಏರುತ್ತ ಹೋಗುವುದು ಟೇಪಿನಲ್ಲಿ ಕೇಳುತ್ತದೆ. ಸಭಾರಂಜನೆಯೇ ಗುಣವೆಂಬ ಹಳೆಯ ಮಾನದಂಡ ಹೋಗಿ, ಬಂಧದ ಬಿಗಿಯೇ ಗುಣವೆಂಬ ಹೊಸ ಮಾನದಂಡ ಬರುತ್ತಿದ್ದುದಕ್ಕೆ ಇದಕ್ಕಿಂತ ನೇರವಾದ ಪ್ರಮಾಣ ದೊರೆಯುವುದು ಕಷ್ಟ. ಈ ಸ್ಪರ್ಧೆ ತಟ್ಟೆಯಾಗಿ ಹೊರಬಂದದ್ದಲ್ಲ. ಪ್ರತಿಯಿಂದ ಪ್ರತಿಗೆ ಹರಡಿ ಎಂ.ಸಿ.ಗಳ ಪಾಠಪುಸ್ತಕವಾದದ್ದು.

ಈ ಪಾಠ ಬ್ರಾಂಕ್ಸ್ ಮತ್ತು ಹಾರ್ಲೆಮ್‌ಗಳಿಂದಾಚೆ ಹೇಗೆ ಮುಟ್ಟಿತೆಂಬುದಕ್ಕೆ ರನ್-ಡಿ.ಎಂ.ಸಿ. ತಂಡವೇ ನಿದರ್ಶನ. ಇವರು ನ್ಯೂಯಾರ್ಕಿನ ಮತ್ತೊಂದು ಭಾಗವಾದ ಕ್ವೀನ್ಸಿನ ಹಾಲಿಸ್ ಪ್ರದೇಶದವರು. ಕೋಲ್ಡ್ ಕ್ರಷ್ ಬ್ರದರ್ಸ್ ತಂಡದ ಟೇಪುಗಳನ್ನು ಕೇಳಿ ಕಲಿತುದಾಗಿ ಈ ತಂಡದ ಡಿ.ಎಂ.ಸಿ. ಹೇಳಿದ್ದಾರೆ; ಫಂಕಿ ಫೋರ್ ಪ್ಲಸ್ ಒನ್ ತಂಡದ ಷಾ-ರಾಕ್ ಎಂಬ ಮಹಿಳೆಯ ಧ್ವನಿ ಟೇಪಿನಲ್ಲಿ ಪ್ರತಿಧ್ವನಿಸುತ್ತಿದ್ದುದು ತಮ್ಮ ಮೇಲೆ ಬೀರಿದ ಪ್ರಭಾವವನ್ನೂ ಸ್ಮರಿಸಿದ್ದಾರೆ. ೧೯೮೩ರಲ್ಲಿ ಈ ತಂಡದ ‘ಸಕರ್ ಎಂ.ಸೀಸ್’ ಬಂದಾಗ ಅದರಲ್ಲಿ ವಾದ್ಯಮೇಳವಿರಲಿಲ್ಲ. ಬರಿಯ ತಾಳಯಂತ್ರ, ಸ್ವಲ್ಪ ಸ್ಕ್ರ್ಯಾಚ್, ಉಳಿದದ್ದೆಲ್ಲ ಮಾತು. ವಿಮರ್ಶಕರು ಇದನ್ನು ಹಿಂದಿನ ಶೈಲಿಯಿಂದ ಕಡಿದುಕೊಂಡ ಹೊಸಯುಗವೆಂದು ವರ್ಣಿಸುತ್ತಾರೆ. ಹಿಂದಿನ ಶೈಲಿಯೆಂದರೆ ಶುಗರ್ ಹಿಲ್ ಸಂಸ್ಥೆಯ ತಟ್ಟೆಗಳೆಂದು ಭಾವಿಸಿದಲ್ಲಿ ಈ ವರ್ಣನೆ ನಿಜ. ಆದರೆ ಟೇಪುಗಳನ್ನು ಹಿಂದಿಟ್ಟು ನೋಡಿದರೆ, ಇಲ್ಲಿ ನಡೆದದ್ದು ಕ್ರಾಂತಿಯಲ್ಲ, ಪುನಃಸ್ಥಾಪನೆ. ನಡುವೆ ಬಂದ ವಾದ್ಯಮೇಳವೇ ಅಪವಾದ. ತಾಳ ಮತ್ತು ಮಾತುಗಳ ಬೆತ್ತಲೆ ಸಂಯೋಗ ಮೊದಲಿನಿಂದ ಬಂದದ್ದು. ೧೯೮೩ರ ತಟ್ಟೆಯು ೧೯೭೯ರ ತಟ್ಟೆಯ ಸಂತಾನವಲ್ಲ. ಇಬ್ಬರಿಗೂ ತಾಯಿ ಟೇಪು, ಮತ್ತು ತಾಯಿಯನ್ನು ಹೋಲುವುದು ಕಿರಿಯ ಮಗು.

೬

ನಮ್ಮ ಈ ವಾದಕ್ಕೆ ಆಕ್ಷೇಪಗಳು ಇಲ್ಲದಿಲ್ಲ. ಇಂದು ಪ್ರಚಾರದಲ್ಲಿರುವ ಕೂಟದ ಟೇಪುಗಳಲ್ಲಿ ಬಹುಪಾಲು ೧೯೭೦ರ ದಶಕದ ಕೊನೆಯವು ಮತ್ತು ೧೯೮೦ರ ದಶಕದ ಮೊದಲ ವರ್ಷಗಳವು; ಹರ್ಕ್ ಅವರ ಮೊದಲ ಕೂಟಗಳಿಗೆ ನಾವು ಈಗಲೂ ಬಾಯ್ಮಾತಿನ ನೆನಪುಗಳನ್ನೇ ಅವಲಂಬಿಸಬೇಕು. ಈ ಕೊರತೆಯನ್ನು ಒಪ್ಪುತ್ತೇವೆ. ಜಿಮ್ ಫ್ರಿಕ್ ಮತ್ತು ಚಾರ್ಲಿ ಆಹರ್ನ್ ೨೦೦೨ರಲ್ಲಿ ಪ್ರಕಟಿಸಿದ ‘ಯೆಸ್ ಯೆಸ್ ಯಾಲ್’ ಗ್ರಂಥದಂತಹ ಮೌಖಿಕ ಚರಿತ್ರೆಗಳ ಬೆಲೆ ಇರುವುದು ಇಲ್ಲಿಯೇ. ಅಲ್ಲದೆ ಟೇಪು ಕಿವಿಯ ಸಾಕ್ಷಿ ಮಾತ್ರ. ಕುಣಿದವರ ಹೆಜ್ಜೆಯನ್ನೂ ಗೋಡೆಯ ಚಿತ್ರವನ್ನೂ ಅದು ಬಲ್ಲುದಲ್ಲ. ಇವೆರಡೂ ಟೇಪಿನ ಮಿತಿಯನ್ನು ತೋರಿಸುತ್ತವೆಯೇ ಹೊರತು, ತಟ್ಟೆಗೆ ಅದಕ್ಕಿಂತ ಮೇಲಾದ ಪ್ರಾಮಾಣ್ಯವನ್ನು ತಂದುಕೊಡುವುದಿಲ್ಲ.

ಮಿಕ್ಸ್‌ಟೇಪಿನ ಮುಂದಿನ ಚರಿತ್ರೆಯನ್ನು ಇಲ್ಲಿ ವಿಸ್ತರಿಸುವುದು ನಮ್ಮ ಉದ್ದೇಶವಲ್ಲ. ಹಾರ್ಲೆಮ್ಮಿನ ಬ್ರೂಸಿ ಬಿ., ಬ್ರಾಂಕ್ಸಿನ ಕಿಡ್ ಕ್ಯಾಪ್ರಿ ಮೊದಲಾದವರ ಕೈಯಲ್ಲಿ ಅದು ಸ್ವತಂತ್ರ ಕೃತಿಯಾಯಿತು. ಹ್ಯೂಸ್ಟನ್ ನಗರದ ಡಿ.ಜೆ. ಸ್ಕ್ರೂ ಹಾಡುಗಳ ವೇಗವನ್ನು ತಗ್ಗಿಸಿ ಒಂದು ಪ್ರಾಂತೀಯ ಶೈಲಿಯನ್ನೇ ಸ್ಥಾಪಿಸಿದರು. ಕ್ಯಾಸೆಟ್ಟು ಹೋಗಿ ಕಾಂಪ್ಯಾಕ್ಟ್ ಡಿಸ್ಕ್ ಬಂದ ಮೇಲೂ ಹೆಸರು ಉಳಿಯಿತು. ಧ್ವನಿಮುದ್ರಣ ಸಂಸ್ಥೆಗಳು ಹೊಸ ಕಲಾವಿದರ ಪ್ರಚಾರಕ್ಕೆ ಈ ಮಿಕ್ಸ್‌ಟೇಪುಗಳನ್ನು ಬಳಸಿಕೊಳ್ಳುತ್ತಲೇ ಇದ್ದವು. ಹೀಗಿದ್ದೂ ೨೦೦೭ರ ಜನವರಿಯಲ್ಲಿ ಅಟ್ಲಾಂಟಾದಲ್ಲಿ ಪೊಲೀಸರು ಡಿ.ಜೆ. ಡ್ರಾಮಾ ಮತ್ತು ಡಾನ್ ಕ್ಯಾನನ್ ಅವರನ್ನು ಬಂಧಿಸಿ ಸುಮಾರು ೮೧,೦೦೦ ಡಿಸ್ಕುಗಳನ್ನು ವಶಪಡಿಸಿಕೊಂಡರು. ಅದೇ ೨೦೦೭ರಲ್ಲಿಯೇ ಕಾರ್ನೆಲ್ ವಿಶ್ವವಿದ್ಯಾನಿಲಯವು ತನ್ನ ಗ್ರಂಥಭಂಡಾರದಲ್ಲಿ ಹಿಪ್-ಹಾಪ್ ಸಂಗ್ರಹವೊಂದನ್ನು ಸ್ಥಾಪಿಸಿ, ಧ್ವನಿಮುದ್ರಣಗಳನ್ನೂ ಕರಪತ್ರಗಳನ್ನೂ ಛಾಯಾಚಿತ್ರಗಳನ್ನೂ ಕಾಪಾಡತೊಡಗಿತು. ಒಂದೇ ಪರಂಪರೆ ಒಂದೇ ವರ್ಷದಲ್ಲಿ ಒಂದೆಡೆ ಅಪರಾಧದ ವಸ್ತುವಾಗಿ, ಇನ್ನೊಂದೆಡೆ ವಿದ್ಯಾವಸ್ತುವಾಗಿ ಪರಿಗಣಿತವಾಯಿತು.

ಸಂಗ್ರಹವಾದರೆ ಸಾಲದು, ಸಂಪಾದನೆಯಾಗಬೇಕು. ಒಂದೇ ರಾತ್ರಿಯ ಹಲವು ಪ್ರತಿಗಳನ್ನು ಕೂಡಿಸಿ, ಪಾಠಾಂತರಗಳನ್ನು ಗುರುತಿಸಿ, ತಾರೀಖನ್ನು ಪರೀಕ್ಷಿಸಿ, ನುಡಿದವರ ಹೆಸರನ್ನು ಖಚಿತಪಡಿಸಿದ ವಿಮರ್ಶಾತ್ಮಕ ಆವೃತ್ತಿಗಳು ಬೇಕು. ಕಾಂತಪಟ್ಟಿಯ ಆಯುಸ್ಸು ಓಲೆಗರಿಯಷ್ಟು ದೀರ್ಘವಾದದ್ದಲ್ಲ. ಅಂಟು ಸಡಿಲಿ ಲೇಪ ಉದುರುವ ಮುನ್ನ ಈ ಕೆಲಸ ನಡೆಯಬೇಕಾಗಿದೆ. ಆ ಸಭಾಂಗಣಗಳಲ್ಲಿ ನುಡಿದವರು ಅನೇಕರು ಇನ್ನೂ ನಮ್ಮ ನಡುವೆ ಇದ್ದಾರೆ. ತಮ್ಮ ಧ್ವನಿಯನ್ನು ತಾವೇ ಗುರುತಿಸಿ ಹೇಳಬಲ್ಲ ಸಾಕ್ಷಿಗಳಿರುವಾಗಲೇ ಅವರ ಪಾಲಿನ ಕರ್ತೃತ್ವವನ್ನು ಬರಹದಲ್ಲಿ ನೆಲೆಗೊಳಿಸುವುದು ಈ ಕ್ಷೇತ್ರದ ಸಂಶೋಧಕರ ಮೊದಲ ಕರ್ತವ್ಯವೆಂದು ನಾವು ಭಾವಿಸುತ್ತೇವೆ.